ಗಿರೀಶ್ ಕಾಸರವಳ್ಳಿಯವರ ಸಿನಿಮಾ: ನಾಲೆಯ ನೀರು ಉಂಡವರು ‘ದ್ವೀಪ’ವನ್ನು ನೋಡುವುದು ಹೇಗೆ?

ನಾಲೆಯಂಚು (ದಾವಣಗೆರೆ)

ಕಳೆದ ಭಾನುವಾರ ನಮ್ಮ ಊರಿನ ಒಂದು ಕಾಲೇಜಿನ ಸಭಾಂಗಣದಲ್ಲಿ ನಾವು ಕೆಲವು ಆಸಕ್ತರು ಸೇರಿ ನಿರ್ದೇಶಕ ಗಿರೀಶ್ ಕಾಸರವಳ್ಳಿಯವರ ‘ದ್ವೀಪ’ ಚಿತ್ರವನ್ನು ತೋರಿಸಿದೆವು. ಅಣೆಕಟ್ಟಿನ ಹಿನ್ನೀರು ಸುತ್ತುವರಿದ ಒಂದು ಕುಟುಂಬದ ಕಥೆ ಅದು. ಚಿತ್ರ ಮುಗಿದ ಮೇಲೆ ಮಾತುಕತೆಗೆ ಅರ್ಧ ಗಂಟೆ ಇಟ್ಟುಕೊಂಡಿದ್ದೆವು. ವಿದ್ಯಾರ್ಥಿಗಳು ಕೇಳಬೇಕಾದದ್ದನ್ನೆಲ್ಲ ಕೇಳಿದ ಮೇಲೆ, ಹಿಂದಿನ ಸಾಲಿನಲ್ಲಿ ಕೂತಿದ್ದ ಹಿರಿಯ ರೈತರೊಬ್ಬರು ಎದ್ದು ನಿಂತರು. ಭದ್ರಾ ನಾಲೆಯ ಕೊನೆಯ ಭಾಗದಲ್ಲಿ ಅವರಿಗೆ ಮೂರು ಎಕರೆ ಭತ್ತದ ಗದ್ದೆಯಿದೆ. “ಮುಳುಗಿದವರ ಸಂಕಟ ಕಂಡೆ, ಇಲ್ಲ ಅನ್ನುವುದಿಲ್ಲ. ಆದರೆ ಅಣೆಕಟ್ಟು ಕಟ್ಟದೇ ಹೋಗಿದ್ದರೆ ನನ್ನ ಗದ್ದೆ ಇರುತ್ತಿರಲಿಲ್ಲ. ಹಾಗಾದರೆ ಈ ಸಿನಿಮಾದಲ್ಲಿ ನಾನು ಯಾರು?” ಎಂದು ಕೇಳಿ, ಉತ್ತರಕ್ಕಾಗಿ ನಿಂತೇ ಇದ್ದರು.

ನನ್ನ ಬಳಿ ಉತ್ತರವಿರಲಿಲ್ಲ. ಮಲೆನಾಡಿನ ಮಳೆ, ಹಸಿರು, ಛಾಯಾಗ್ರಹಣ ಇವುಗಳ ಬಗ್ಗೆ ಏನೋ ಹೇಳಿ ಸಭೆ ಮುಗಿಸಿದೆ. ಮನೆಗೆ ಬಂದ ಮೇಲೆ ಅದು ಉತ್ತರವಲ್ಲ, ತಪ್ಪಿಸಿಕೊಳ್ಳುವಿಕೆ ಎಂಬುದು ಸ್ಪಷ್ಟವಾಯಿತು. ಭದ್ರಾ ನದಿಗೆ ಲಕ್ಕವಳ್ಳಿಯಲ್ಲಿ ಕಟ್ಟಿದ ಅಣೆಕಟ್ಟೆಯ ಹಿನ್ನೀರಿನಲ್ಲೂ ಊರುಗಳು ಮುಳುಗಿವೆ. ಆ ನೀರಿನಿಂದಲೇ ದಾವಣಗೆರೆ ಸೀಮೆಯಲ್ಲಿ ಭತ್ತದ ಪೈರು ನಿಂತಿದೆ. ಮುಳುಗಿದವರ ಕಥೆಯನ್ನು ನೀರು ಪಡೆದವರ ಊರಿನಲ್ಲಿ ಕೂತು ನೋಡುವಾಗ ಅದು ಬೇರೆಯದೇ ಚಿತ್ರವಾಗುತ್ತದೆ ಎಂಬುದು ನನಗೆ ಈವರೆಗೆ ಹೊಳೆದಿರಲಿಲ್ಲ.

ಹೊಸಬರಿಗಾಗಿ ಕೆಲವು ವಿವರಗಳು. ಕಾಸರವಳ್ಳಿಯವರು 1950ರಲ್ಲಿ ತೀರ್ಥಹಳ್ಳಿ ತಾಲ್ಲೂಕಿನ ಕೆಸಲೂರಿನಲ್ಲಿ ಹುಟ್ಟಿದರು. ಮಣಿಪಾಲದಲ್ಲಿ ಔಷಧ ವಿಜ್ಞಾನ ಓದಿ, ಆ ಹಾದಿಯನ್ನು ಬಿಟ್ಟು ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟ್ ಸೇರಿ, 1975ರಲ್ಲಿ ಅಲ್ಲಿಂದ ಹೊರಬಂದರು. ಬಿ.ವಿ. ಕಾರಂತರ ‘ಚೋಮನ ದುಡಿ’ಗೆ ಸಹಾಯಕರಾಗಿ ದುಡಿದು, 1977ರಲ್ಲಿ, ಇಪ್ಪತ್ತೇಳು ತುಂಬುವ ಹೊತ್ತಿಗೆ, ‘ಘಟಶ್ರಾದ್ಧ’ ಮಾಡಿದರು. ಆ ಚಿತ್ರಕ್ಕೂ, ಬಳಿಕ ‘ತಬರನ ಕಥೆ’, ‘ತಾಯಿ ಸಾಹೇಬ’, ‘ದ್ವೀಪ’ ಚಿತ್ರಗಳಿಗೂ ಸ್ವರ್ಣಕಮಲ, ಅಂದರೆ ಅತ್ಯುತ್ತಮ ಚಿತ್ರದ ರಾಷ್ಟ್ರಪ್ರಶಸ್ತಿ, ಬಂದಿದೆ. ಪ್ರಶಸ್ತಿಗಳ ಪಟ್ಟಿ ಇಷ್ಟಕ್ಕೇ ಸಾಕು. ನಾನು ಇಲ್ಲಿ ಚರ್ಚಿಸಬಯಸುವುದು ಅವರ ಕೆಲಸದ ಕ್ರಮವನ್ನು: ಒಂದು ಕಥೆಯನ್ನು ಅವರು ಯಾರ ಜೊತೆ ನಿಂತು ನೋಡುತ್ತಾರೆ, ಯಾರನ್ನು ಚೌಕಟ್ಟಿನ ಹೊರಗೆ ಬಿಡುತ್ತಾರೆ, ಮತ್ತು ಹೊರಗೆ ಉಳಿದ ನಮ್ಮಂಥವರಿಗೆ ಆ ಚಿತ್ರದಲ್ಲಿ ಜಾಗವಿದೆಯೇ?

ಕೋಟೆ ಕೆಳಗಿನ ಓಣಿ (ಚಿತ್ರದುರ್ಗ)

ಸರ್, ಆ ಹಿರಿಯರ ಪ್ರಶ್ನೆಯನ್ನು ನಾನು ತರಗತಿಯಲ್ಲಿ ಬಳಸಿಕೊಳ್ಳಲು ನಿಮ್ಮ ಅನುಮತಿ ಬೇಡುತ್ತೇನೆ. ಇಪ್ಪತ್ತು ವರ್ಷಗಳಿಂದ ಕನ್ನಡ ಪಾಠ ಹೇಳುತ್ತಿದ್ದೇನೆ. ಇಷ್ಟು ನೇರವಾದ ಪ್ರಶ್ನೆಯನ್ನು ಯಾವ ವಿಮರ್ಶೆಯಲ್ಲೂ ಓದಿದ ನೆನಪಿಲ್ಲ.

ಮೊದಲು ಒಂದು ವಿವರವನ್ನು ಬೇರ್ಪಡಿಸಿಕೊಳ್ಳೋಣ. ‘ದ್ವೀಪ’ದ ಮೂಲ ನಾ. ಡಿಸೋಜ ಅವರ ಕಾದಂಬರಿ. ಅವರು ಶರಾವತಿ ಯೋಜನೆಯಲ್ಲಿ ನೌಕರರಾಗಿದ್ದು, ಮುಳುಗಡೆಯನ್ನು ಕಡತದಲ್ಲೂ ಕಣ್ಣೆದುರಿನಲ್ಲೂ ಕಂಡವರು. ಶರಾವತಿಯ ಅಣೆಕಟ್ಟು ಕಟ್ಟಿದ್ದು ವಿದ್ಯುತ್ತಿಗಾಗಿ. ಆದ್ದರಿಂದ ಆ ರೈತರ ಪ್ರಶ್ನೆ ಗದ್ದೆಗಷ್ಟೇ ನಿಲ್ಲದು. ದೀಪ ಹಾಕಿಕೊಂಡು ಓದಿದ ನಮ್ಮೆಲ್ಲರಿಗೂ ಸಲ್ಲುತ್ತದೆ.

ಆದರೆ ನನ್ನ ಓದಿನಲ್ಲಿ ‘ದ್ವೀಪ’ದ ನಡುಗಂಬ ಅಣೆಕಟ್ಟಲ್ಲ, ನಾಗಿ. ಮನೆಯ ಸುತ್ತ ನೀರು ಏರುತ್ತಿರುವಾಗ ಗಂಡ ಗಣಪ ಕುಗ್ಗಿ ಕೂರುತ್ತಾನೆ, ಮಾವ ದುಗ್ಗಜ್ಜ ತಾವಿರುವ ಗುಡ್ಡ ಸೀತಾಪರ್ವತವನ್ನು ಬಿಟ್ಟು ಬದುಕನ್ನು ಊಹಿಸಿಕೊಳ್ಳಲಾರ. ಆ ಮನೆಯನ್ನು ಹಿಡಿದು ನಿಲ್ಲಿಸುವವಳು ನಾಗಿ. ಕೊನೆಗೆ ಮಳೆ ನಿಂತು ಜೀವ ಉಳಿದಾಗ ಗಣಪ ಅದೆಲ್ಲವನ್ನೂ ದೇವರ ಲೆಕ್ಕಕ್ಕೆ ಬರೆದುಬಿಡುತ್ತಾನೆ. ಆಗ ನಾಗಿಯ ಮುಖ ನೋಡಿ. ನೀರು ಸುತ್ತುವರಿದದ್ದು ಗುಡ್ಡವನ್ನು. ಆದರೆ ತನ್ನ ಮನೆಯೊಳಗೇ, ತನ್ನವರ ನಡುವೆಯೇ ದ್ವೀಪವಾಗಿ ಉಳಿದವಳು ಅವಳು. ಸೌಂದರ್ಯ ಅವರು ಆ ಪಾತ್ರವನ್ನು ಮಾಡಿದ ರೀತಿಯಲ್ಲಿ ದೊಡ್ಡ ನಟಿಯೊಬ್ಬರ ಸಂಯಮವಿದೆ. ಸರ್ಕಾರ ಆ ಕುಟುಂಬಕ್ಕೆ ಮಾಡಿದ್ದನ್ನೇ ಆ ಕುಟುಂಬ ನಾಗಿಗೆ ಮಾಡುತ್ತದೆ: ಅವಳ ಪಾಲಿನದನ್ನು ಪಡೆದುಕೊಂಡು, ಲೆಕ್ಕದಲ್ಲಿ ಹೆಸರು ಸೇರಿಸುವುದಿಲ್ಲ.

ಕಾಸರವಳ್ಳಿಯವರ ಕ್ರಮ ಇದೇ ಎಂದು ನಾನು ತಿಳಿದಿದ್ದೇನೆ. ಅನ್ಯಾಯಕ್ಕೆ ಒಳಗಾದವರನ್ನು ತೋರಿಸಿ, ಅವರು ಇನ್ನೊಬ್ಬರಿಗೆ ಮಾಡುವ ಅನ್ಯಾಯವನ್ನೂ ಅದೇ ಉಸಿರಿನಲ್ಲಿ ತೋರಿಸುತ್ತಾರೆ. ನೀರು ಪಡೆದ ರೈತರು ಆ ಚಿತ್ರದಲ್ಲಿ ಗಣಪನ ಸಾಲಿನಲ್ಲಿ ನಿಲ್ಲಬಹುದೇನೋ. ಕಟುವಾಗಿ ಹೇಳಿದೆನೆಂದು ತಿಳಿಯಬೇಡಿ. ಆ ಸಾಲಿನಲ್ಲಿ ನಾನೂ ನಿಂತಿದ್ದೇನೆ.

ಎಣ್ಣೆ ಗಿರಣಿ ರಸ್ತೆ (ಚಳ್ಳಕೆರೆ)

ಎಲ್ಲರ ಮೇಲೂ ಗೌರವವಿಟ್ಟುಕೊಂಡೇ ಭಿನ್ನಮತ ಸೂಚಿಸುತ್ತೇನೆ. ನಾನು ಎರಡು ಕಿರುಚಿತ್ರಗಳನ್ನು ಮಾಡಿದ್ದೇನೆ, ಮೂರನೆಯದಕ್ಕೆ ಕೈ ಹಾಕಿದ್ದೇನೆ. ಕುರಿ ಮೇಯಿಸುವ ಕುಟುಂಬವೊಂದು ಕಂಬಳಿ ನೇಯ್ಗೆಯನ್ನು ಬಿಡುವ ಕಥೆ. ಕಾಸರವಳ್ಳಿಯವರನ್ನು ಸ್ವತಂತ್ರ ನಿರ್ದೇಶಕರೆಂದು ಕರೆಯುವಾಗ ನನಗೆ ಎರಡು ಸಂದೇಹಗಳು ಬರುತ್ತವೆ.

ಮೊದಲನೆಯದು, ಅವರ ಬಹುಪಾಲು ಚಿತ್ರಗಳು ಪ್ರಸಿದ್ಧ ಲೇಖಕರ ಕಥೆ, ಕಾದಂಬರಿಗಳನ್ನು ಆಧರಿಸಿವೆ. ಅನಂತಮೂರ್ತಿ, ತೇಜಸ್ವಿ, ಡಿಸೋಜ, ಬಾನು ಮುಷ್ತಾಕ್, ಭೈರಪ್ಪ, ವೈದೇಹಿ, ಅಮರೇಶ ನುಗಡೋಣಿ, ಕುಂ. ವೀರಭದ್ರಪ್ಪ, ಜಯಂತ ಕಾಯ್ಕಿಣಿ. ಸಾಹಿತ್ಯದ ಊರುಗೋಲು ಹಿಡಿದು ನಡೆಯುವ ಸಿನಿಮಾವನ್ನು ಸ್ವತಂತ್ರ ಎನ್ನಬಹುದೇ? ಎರಡನೆಯದು, ಈ ಚಿತ್ರಗಳು ನಮ್ಮ ಊರಿನ ಟಾಕೀಸುಗಳಿಗೆ ಬರಲೇ ಇಲ್ಲ. ನಾನು ‘ಘಟಶ್ರಾದ್ಧ’ ನೋಡಿದ್ದು ಅಂಗೈ ಅಗಲದ ಮೊಬೈಲಿನಲ್ಲಿ, ಮಸುಕು ಮಸುಕಾದ ಪ್ರತಿಯಲ್ಲಿ. ಪ್ರೇಕ್ಷಕರಿಲ್ಲದ ಸ್ವಾತಂತ್ರ್ಯದಿಂದ ಏನು ಉಪಯೋಗ ಎಂಬುದು ನನ್ನ ಪ್ರಾಮಾಣಿಕ ಪ್ರಶ್ನೆ, ಏಕೆಂದರೆ ಆ ಪ್ರಶ್ನೆ ನಾಳೆ ನನ್ನ ಚಿತ್ರಕ್ಕೂ ಬರುತ್ತದೆ.

ಪ್ರೊಜೆಕ್ಟರ್ ಕೋಣೆ (ದಾವಣಗೆರೆ)

ಟಾಕೀಸಿಗೆ ಬರಲೇ ಇಲ್ಲ ಎಂಬ ಮಾತನ್ನು ಸ್ವಲ್ಪ ತಿದ್ದಬೇಕು. ನಾನು ಮೂವತ್ತು ವರ್ಷ ಈ ಊರಿನ ಒಂದು ಚಿತ್ರಮಂದಿರದಲ್ಲಿ ಆಪರೇಟರ್ ಆಗಿದ್ದೆ. ಕಾರ್ಬನ್ ಕಡ್ಡಿ ಉರಿಸಿ ಬೆಳಕು ಮಾಡುತ್ತಿದ್ದ ಕಾಲದಿಂದ ಲ್ಯಾಂಪ್ ಬಂದ ಕಾಲದವರೆಗೆ. ‘ತಬರನ ಕಥೆ’ಯನ್ನು ಬೆಳಗಿನ ಆಟಕ್ಕೆ ಕೆಲವೇ ದಿನ ಹಾಕಿದ್ದರು, ಆ ಪ್ರತಿಯನ್ನು ಓಡಿಸಿದವನು ನಾನು. ಬಾಲ್ಕನಿ ಬಹುತೇಕ ಖಾಲಿ. ಗಾಂಧಿ ಕ್ಲಾಸಿನಲ್ಲಿ ಒಂದಷ್ಟು ಜನ, ಅವರಲ್ಲಿ ಹೆಚ್ಚಿನವರು ಹೊರಗಿನ ಬಿಸಿಲಿಗೆ ಹೆದರಿ ಒಳಗೆ ಬಂದವರು.

ರೀಲು ಬದಲಾಯಿಸುವವನಿಗೆ ಸಿನಿಮಾ ಬೇರೆಯದೇ ರೀತಿಯಲ್ಲಿ ಅರ್ಥವಾಗುತ್ತದೆ. ಎರಡು ಯಂತ್ರಗಳ ನಡುವೆ ಓಡಾಡುತ್ತ, ಪರದೆಯ ಬಲಮೂಲೆಯ ಚುಕ್ಕೆಗೆ ಕಾಯುತ್ತ, ಚಿತ್ರದ ನಡಿಗೆಯನ್ನು ಕೈಯಿಂದ ತಿಳಿಯುತ್ತೇವೆ. ಸಾಧಾರಣ ಚಿತ್ರಗಳಲ್ಲಿ ಅಳುವ ದೃಶ್ಯ ಬಂತೆಂದರೆ ಸಂಗೀತ ಮೊದಲೇ ಬಂದು ನಮ್ಮ ಕೈ ಹಿಡಿದು ಅಲ್ಲಿಗೆ ಕರೆದೊಯ್ಯುತ್ತದೆ. ‘ತಬರನ ಕಥೆ’ಯಲ್ಲಿ ಪಿಂಚಣಿಗಾಗಿ ಅಲೆದು ಸೋತ ತಬರ ಹೆಂಡತಿಯ ಕೊಳೆಯುತ್ತಿರುವ ಕಾಲನ್ನು ಕತ್ತರಿಸಿಕೊಡು ಎಂದು ಕಸಾಯಿಯವನ ಬಳಿ ಹೋಗುತ್ತಾನಲ್ಲ, ಆ ಭಾಗ ಬಂದಾಗ ಮೊದಲ ಆಟದಲ್ಲಿ ನಾನು ಯಂತ್ರದ ಪಕ್ಕದ ಕಿಂಡಿಯಿಂದ ಕೆಳಗೆ ನೋಡಿದೆ. ಬೀಡಿ ಸೇದುತ್ತಿದ್ದವರ ಕೈಗಳು ಹಾಗೆಯೇ ನಿಂತಿದ್ದವು. ಯಾರೂ ಅವರಿಗೆ ಅಳಿ ಎಂದು ಹೇಳಿರಲಿಲ್ಲ.

ಇಂಥ ಚಿತ್ರಗಳಿಗೆ ಜನವೇ ಇಲ್ಲವೆಂದು ಹೇಳುವವರ ಮಾತನ್ನು ನಾನು ಅಂದಿನಿಂದ ಒಪ್ಪಿಲ್ಲ. ಜನವಿದ್ದರು, ಆಟವಿರಲಿಲ್ಲ. ಎಂಬತ್ತರ ದಶಕದಲ್ಲಿ ಭಾನುವಾರ ಮಧ್ಯಾಹ್ನ ದೂರದರ್ಶನದಲ್ಲಿ ಪ್ರಾದೇಶಿಕ ಭಾಷೆಗಳ ಪ್ರಶಸ್ತಿ ಚಿತ್ರಗಳು ಬರುತ್ತಿದ್ದವು. ನಮ್ಮ ಬೀದಿಯಲ್ಲಿ ಟಿವಿ ಇದ್ದ ಒಂದೇ ಮನೆಯ ಪಡಸಾಲೆ ತುಂಬುತ್ತಿತ್ತು. ಆ ಬಾಗಿಲು ಮುಚ್ಚಿದ ಮೇಲೆ ಇನ್ನೊಂದು ತೆರೆಯಲಿಲ್ಲ.

ಕೋಟೆ ಕೆಳಗಿನ ಓಣಿ (ಚಿತ್ರದುರ್ಗ)

ಚಳ್ಳಕೆರೆಯ ಗೆಳೆಯರಿಗೆ: ಊರುಗೋಲಿನ ಮಾತನ್ನು ಬಿಡಿಸಿ ನೋಡಬೇಕು, ಏಕೆಂದರೆ ಕಾಸರವಳ್ಳಿಯವರ ಸ್ವಾತಂತ್ರ್ಯ ಇರುವುದೇ ಅಲ್ಲಿ ಎಂಬುದು ನನ್ನ ವಾದ.

‘ಗುಲಾಬಿ ಟಾಕೀಸು’ ಕಥೆಯನ್ನು ಓದಿ, ಆಮೇಲೆ ಚಿತ್ರ ನೋಡಿ. ವೈದೇಹಿಯವರ ಕಥೆಯಲ್ಲಿ ಸಣ್ಣ ಊರೊಂದಕ್ಕೆ ಸಿನಿಮಾ ಟಾಕೀಸು ಬರುತ್ತದೆ. ಅದು ಹೆಂಗಸರ ಬದುಕಿನಲ್ಲಿ ಎಬ್ಬಿಸುವ ಸಣ್ಣ ಅಲೆಗಳನ್ನು ಕಥೆ ಹಿಡಿಯುತ್ತದೆ. 2008ರ ಚಿತ್ರದಲ್ಲಿ ಟಾಕೀಸಿನ ಜಾಗಕ್ಕೆ ಡಿಷ್ ಆಂಟೆನಾದ ಟಿವಿ ಬಂದಿದೆ. ಕಾಲ ಕಾರ್ಗಿಲ್ ಯುದ್ಧದ ಆಸುಪಾಸು. ಗುಲಾಬಿ ಕುಂದಾಪುರದ ಕಡೆಯ ಮೀನುಗಾರರ ಕೇರಿಯ ಮುಸ್ಲಿಂ ಸೂಲಗಿತ್ತಿ. ಹೆರಿಗೆ ಮಾಡಿಸಿದ್ದಕ್ಕೆ ಪ್ರತಿಯಾಗಿ ಬಂದ ಟಿವಿಯಿಂದ ಅವಳ ಒಂಟಿ ಮನೆಗೆ ಕೇರಿಯ ಹೆಂಗಸರು ಬರತೊಡಗುತ್ತಾರೆ. ದೇಶದಲ್ಲಿ ಹಬ್ಬುತ್ತಿರುವ ಗುಮಾನಿಯೂ ಅದೇ ಕೇರಿಗೆ ಬರುತ್ತದೆ. ಕಥೆಯ ಬೀಜ ಮಾತ್ರ ವೈದೇಹಿಯವರದು. ನೆಲ, ಕಾಲ, ಭಯ ಎಲ್ಲವೂ ನಿರ್ದೇಶಕರವು. ಉಮಾಶ್ರೀಯವರಿಗೆ ಆ ಪಾತ್ರಕ್ಕೆ ರಾಷ್ಟ್ರಪ್ರಶಸ್ತಿ ಬಂತು. ನಗಿಸುವ ಪಾತ್ರಗಳಿಗೆ ಕಟ್ಟಿಹಾಕಿದ್ದ ನಟಿಯಲ್ಲಿ ಗುಲಾಬಿಯನ್ನು ಕಂಡದ್ದು ನಿರ್ದೇಶಕರ ಕಣ್ಣು.

‘ನಾಯಿ ನೆರಳು’ ಇನ್ನೂ ಗಟ್ಟಿಯಾದ ಉದಾಹರಣೆ. ಭೈರಪ್ಪನವರ ಕಾದಂಬರಿಗೆ ಪುನರ್ಜನ್ಮವೆಂಬ ತತ್ತ್ವವೇ ಮುಖ್ಯ. ಸತ್ತ ಮಗ ಬೇರೊಂದು ಮನೆಯಲ್ಲಿ ಹುಟ್ಟಿದ್ದಾನೆಂದು ನಂಬಿ ಕರೆತಂದ ಹುಡುಗನನ್ನು ವಿಧವೆ ಸೊಸೆ ಗಂಡನೆಂದು ಸ್ವೀಕರಿಸುತ್ತಾಳೆ. ಕಾಸರವಳ್ಳಿಯವರು ಪುನರ್ಜನ್ಮ ನಿಜವೋ ಸುಳ್ಳೋ ಎಂಬ ಗೊಡವೆಗೇ ಹೋಗುವುದಿಲ್ಲ. ಅತ್ತೆಗೆ ಅದು ನಂಬಿಕೆ, ಓದಿದ ಮಗಳಿಗೆ ಅದು ನಾಚಿಕೆ, ಆದರೆ ಆ ಸೊಸೆ ವೆಂಕುವಿಗೆ? ವರ್ಷಗಟ್ಟಲೆ ಮುಚ್ಚಿದ್ದ ಬದುಕಿಗೆ ಅದೊಂದು ಬಾಗಿಲು. ತೆರೆದುಕೊಂಡು ಹೊರಟುಬಿಡುತ್ತಾಳೆ. ಕಾದಂಬರಿಯನ್ನು ಎದುರು ಹಾಕಿಕೊಳ್ಳದೆ, ಅದರ ಹೆಗಲ ಮೇಲೆಯೇ ಕೂತು, ಬೇರೆ ದಿಕ್ಕಿಗೆ ನೋಡುವ ಧೈರ್ಯ ಇದು. ಲೇಖಕರ ವಿಚಾರಗಳಿಗೂ ನಿರ್ದೇಶಕರ ವಿಚಾರಗಳಿಗೂ ಎಷ್ಟು ದೂರವಿದೆಯೆಂದು ಬಲ್ಲವರಿಗೆ ಈ ಧೈರ್ಯದ ಬೆಲೆ ಗೊತ್ತು.

ಇನ್ನೊಂದು ಮಾತು. 2025ರಲ್ಲಿ ಬಾನು ಮುಷ್ತಾಕ್ ಅವರಿಗೆ ಅಂತರರಾಷ್ಟ್ರೀಯ ಬೂಕರ್ ಬಂದಾಗ ನನ್ನ ವಿದ್ಯಾರ್ಥಿನಿಯರು ಅವರ ಕಥೆಗಳನ್ನು ಹುಡುಕಿಕೊಂಡು ಬಂದರು. ‘ಕರಿ ನಾಗರಗಳು’ ಕಥೆ 2004ರಲ್ಲೇ ‘ಹಸೀನಾ’ ಆಗಿತ್ತೆಂದು ಹೇಳಿದಾಗ ಅವರಿಗೆ ಆಶ್ಚರ್ಯ. ಗಂಡ ಕೈಬಿಟ್ಟ ಹೆಂಗಸೊಬ್ಬಳು ಮಕ್ಕಳನ್ನು ಕಟ್ಟಿಕೊಂಡು ತನ್ನ ಸಮುದಾಯದ ಹಿರಿಯರ ಎದುರಿಗೇ ನ್ಯಾಯ ಕೇಳುವ ಆ ಚಿತ್ರವನ್ನು ನಮ್ಮ ಊರಿನಲ್ಲಿ ಎಷ್ಟು ಜನ ನೋಡಿದ್ದಾರೆ?

ಹಳೆಯ ಟಪ್ಪಾಲು (ದಾವಣಗೆರೆ)

ನಾನು ಸಾಹಿತ್ಯದವನಲ್ಲ, ಸಿನಿಮಾದವನೂ ಅಲ್ಲ. ಮೂವತ್ತನಾಲ್ಕು ವರ್ಷ ಸರ್ಕಾರಿ ಕಚೇರಿಯೊಂದರಲ್ಲಿ ಗುಮಾಸ್ತನಾಗಿ, ಕೊನೆಗೆ ಮೇಲ್ವಿಚಾರಕನಾಗಿ ನಿವೃತ್ತನಾದವನು. ‘ತಬರನ ಕಥೆ’ಯ ಬಗ್ಗೆ ಹೇಳಲು ನನಗೆ ಇರುವ ಅರ್ಹತೆ ಅಷ್ಟೇ.

ತಬರಶೆಟ್ಟಿಗೆ ಪಿಂಚಣಿ ಬರಲಿಲ್ಲ ಎಂಬುದನ್ನು ಎಲ್ಲರೂ ಭ್ರಷ್ಟಾಚಾರದ ಕಥೆಯೆಂದು ಹೇಳುತ್ತಾರೆ. ಚಿತ್ರವನ್ನು ಗಮನವಿಟ್ಟು ನೋಡಿದರೆ ಅಲ್ಲಿ ಒಬ್ಬ ಖಳನಾಯಕನನ್ನು ಬೆರಳು ಮಾಡಿ ತೋರಿಸಲಾಗುವುದಿಲ್ಲ. ಸೇವಾ ಪುಸ್ತಕದಲ್ಲಿ ಒಂದು ನಮೂದು ಇಲ್ಲ, ಲೆಕ್ಕ ತಾಳೆಯಾಗುವುದಿಲ್ಲ, ಷರಾ ಬರೆದು ಕಡತ ಹಿಂದಿರುಗುತ್ತದೆ. ಮೇಜಿನ ಹಿಂದೆ ಕೂತ ಪ್ರತಿಯೊಬ್ಬನೂ ತನ್ನ ಮಟ್ಟಿಗೆ ನಿಯಮ ಪಾಲಿಸಿದ್ದಾನೆ. ಎಲ್ಲರೂ ನಿಯಮ ಪಾಲಿಸಿದ ಮೇಲೆ ಒಬ್ಬ ಹೆಂಗಸಿನ ಕಾಲು ಕೊಳೆತಿದೆ. ಇದನ್ನು ತೇಜಸ್ವಿಯವರು ಬರೆದದ್ದು ದೊಡ್ಡದು. ಕಾಸರವಳ್ಳಿಯವರು ಅದನ್ನು ಒಬ್ಬ ದುಷ್ಟನ ತಲೆಗೆ ಕಟ್ಟದೆ ತೆರೆಗೆ ತಂದದ್ದೂ ಅಷ್ಟೇ ದೊಡ್ಡದು. ಚಾರುಹಾಸನ್ ಅವರಿಗೆ ಆ ಪಾತ್ರಕ್ಕೆ ರಾಷ್ಟ್ರಪ್ರಶಸ್ತಿ ಬಂತೆಂಬುದು ನಿಮಗೆಲ್ಲ ಗೊತ್ತಿರುತ್ತದೆ. ಅವರು ಕಚೇರಿಯ ಮೆಟ್ಟಿಲಿನಲ್ಲಿ ಕಾಲು ಇಡುವ ರೀತಿಯನ್ನು ನಾನು ನೂರಾರು ಜನರಲ್ಲಿ ಕಂಡಿದ್ದೇನೆ.

ಇದನ್ನು ಹೇಳದೆ ಇರಲಾರೆ. ನಾನು ಸೇವೆಯಲ್ಲಿದ್ದಾಗ ಒಬ್ಬ ಜವಾನರ ಕುಟುಂಬ ಪಿಂಚಣಿಯ ಕಡತ ನನ್ನ ಮೇಜಿನಲ್ಲಿ ಏಳು ತಿಂಗಳು ಇತ್ತು. ನಾನು ಒಂದು ರೂಪಾಯಿ ಕೇಳಿದವನಲ್ಲ. ಒಂದು ದೃಢೀಕರಣ ಪತ್ರ ಬರಬೇಕಿತ್ತು, ಬಂದಿರಲಿಲ್ಲ, ನಾನು ಕಾದೆ. ಆ ತಾಯಿ ಪ್ರತಿ ಸೋಮವಾರ ಬಂದು ಬೆಂಚಿನ ಮೇಲೆ ಕೂತು, ಸಂಜೆ ಎದ್ದು ಹೋಗುತ್ತಿದ್ದರು. ಮರುದಿನವೇ ನಾನು ಬಸ್ಸು ಹತ್ತಿ ಹೋಗಿ ಆ ಪತ್ರ ತರಬಹುದಿತ್ತು. ಚಿತ್ರವನ್ನು ಎರಡನೆಯ ಸಲ ನೋಡಿದ್ದು ನಿವೃತ್ತನಾದ ಮೇಲೆ. ಆ ರಾತ್ರಿ ನನಗೆ ನಿದ್ದೆ ಬರಲಿಲ್ಲ.

ನಾಲೆಯಂಚಿನ ಸರ್, ಆ ರೈತರ ಪ್ರಶ್ನೆ, ‘ಈ ಸಿನಿಮಾದಲ್ಲಿ ನಾನು ಯಾರು’ ಎಂಬುದು, ನನಗೂ ಕಾಡಿದ ಪ್ರಶ್ನೆ. ನನಗೆ ಉತ್ತರ ಸಿಕ್ಕಿತ್ತು. ಈ ನಿರ್ದೇಶಕರು ಬೇರೆ ಯಾರ ಕಡೆಗೋ ಬೆರಳು ತೋರಿಸಿದ್ದರೆ ಸಿಗುತ್ತಿರಲಿಲ್ಲ.

‘ಕೂರ್ಮಾವತಾರ’ವನ್ನೂ ನೋಡಿ ಎಂದು ಕೇಳಿಕೊಳ್ಳುತ್ತೇನೆ. ನಿವೃತ್ತಿಗೆ ಹತ್ತಿರವಾದ ಗುಮಾಸ್ತರೊಬ್ಬರಿಗೆ ಗಾಂಧೀಜಿಯ ಮುಖಚಹರೆ ಇದೆಯೆಂದು ಟಿವಿ ಧಾರಾವಾಹಿಯಲ್ಲಿ ಗಾಂಧಿಯ ವೇಷ ಕಟ್ಟಿಸುತ್ತಾರೆ. ಆಮೇಲೆ ಊರಿನವರು ಅವರಿಂದ ಗಾಂಧಿಯನ್ನೇ ಬಯಸತೊಡಗುತ್ತಾರೆ. ಶಿಕಾರಿಪುರ ಕೃಷ್ಣಮೂರ್ತಿಯವರು ಆ ಪಾತ್ರದಲ್ಲಿ ನಟಿಸುತ್ತಿದ್ದಾರೆಂದು ನನಗೆ ಅನ್ನಿಸಲೇ ಇಲ್ಲ.

ಎಣ್ಣೆ ಗಿರಣಿ ರಸ್ತೆ (ಚಳ್ಳಕೆರೆ)

ಹಿರಿಯರೇ, ನಿಮ್ಮ ಬರಹವನ್ನು ಮೂರು ಸಲ ಓದಿದೆ. ಇದನ್ನು ಇಲ್ಲಿ ಬರೆದದ್ದಕ್ಕೆ ನಮಸ್ಕಾರ.

ಸಾಹಿತ್ಯದ ಊರುಗೋಲಿನ ಮಾತನ್ನು ಹಿಂತೆಗೆದುಕೊಳ್ಳುತ್ತೇನೆ. ದುರ್ಗದ ಮೇಡಂ ಹೇಳಿದ್ದನ್ನು ಒಪ್ಪಿದ್ದೇನೆ. ನನ್ನ ಚಿತ್ರಕಥೆಯಲ್ಲಿ ಕಂಬಳಿ ವ್ಯಾಪಾರಿಯೊಬ್ಬನನ್ನು ಖಳನನ್ನಾಗಿ ಮಾಡಿದ್ದೆ. ಅದನ್ನು ಮತ್ತೆ ಬರೆಯಬೇಕಾಗಿದೆ. ಆ ವ್ಯಾಪಾರಿಗೂ ಸಾಲವಿದೆ, ಅವನ ಅಂಗಡಿಯಲ್ಲೂ ಈಗ ಕಾರ್ಖಾನೆಯ ಹೊದಿಕೆಗಳೇ ಮಾರಾಟವಾಗುತ್ತವೆ. ಆದರೆ ದುಡ್ಡಿನ ಪ್ರಶ್ನೆಗೆ ಇನ್ನೂ ಉತ್ತರ ಬಂದಿಲ್ಲ. ಈ ಚಿತ್ರಗಳಿಗೆ ಯಾರು ಹಣ ಹಾಕಿದರು? ಆ ದಾರಿ ನಮಗೆ ಇದೆಯೇ?

ನಾಲೆಯಂಚು (ದಾವಣಗೆರೆ)

ಹಣದ ವಿಷಯದಲ್ಲಿ ಅವರ ಹಾದಿಯನ್ನು ನೋಡಿದರೆ ಒಂದು ಸಂಗತಿ ಎದ್ದು ಕಾಣುತ್ತದೆ: ಐವತ್ತು ವರ್ಷ ಬೆನ್ನಿಗೆ ನಿಂತ ಒಂದೇ ಸಂಸ್ಥೆ ಅವರಿಗಿರಲಿಲ್ಲ. ‘ಘಟಶ್ರಾದ್ಧ’ದ ನಿರ್ಮಾಪಕರು ರಂಗಭೂಮಿಯ ಸದಾನಂದ ಸುವರ್ಣ. ‘ತಾಯಿ ಸಾಹೇಬ’ವನ್ನು ನಿರ್ಮಿಸಿ ಮುಖ್ಯ ಪಾತ್ರ ಮಾಡಿದವರು ಜಯಮಾಲಾ. ‘ದ್ವೀಪ’ಕ್ಕೆ ಸೌಂದರ್ಯ. ‘ಗುಲಾಬಿ ಟಾಕೀಸ್’, ‘ಕನಸೆಂಬೋ ಕುದುರೆಯನೇರಿ’, ‘ಕೂರ್ಮಾವತಾರ’ ಚಿತ್ರಗಳಿಗೆ ಬಸಂತ್ ಕುಮಾರ್ ಪಾಟೀಲ್. ಇವರಲ್ಲಿ ಇಬ್ಬರು ಮುಖ್ಯಧಾರೆಯ ನಾಯಕಿಯರು ಎಂಬುದನ್ನು ಗಮನಿಸಿ. ಹಾಡು, ಕುಣಿತದ ಚಿತ್ರಗಳಿಂದ ಹೆಸರು ಮಾಡಿದ ನಟಿಯರು ತಾವು ಗಳಿಸಿದ್ದನ್ನು ಇಂಥ ಚಿತ್ರಕ್ಕೆ ಹಾಕಲು ಮುಂದೆ ಬಂದರೆಂದರೆ, ತಮ್ಮೊಳಗಿನ ಕಲಾವಿದೆಯನ್ನು ಇಲ್ಲಿ ಮಾತ್ರ ಕಾಣಲು ಸಾಧ್ಯ ಎಂಬ ನಂಬಿಕೆ ಅವರಿಗೆ ಇದ್ದಿರಬೇಕು. ಇದು ನನ್ನ ಊಹೆ; ಆದರೆ ‘ತಾಯಿ ಸಾಹೇಬ’ದ ಜಯಮಾಲಾ ಅವರನ್ನು ನೋಡಿದವರು ಒಪ್ಪುತ್ತಾರೆಂದು ಭಾವಿಸುತ್ತೇನೆ.

ಪ್ರತಿ ಚಿತ್ರಕ್ಕೂ ಹೊಸದಾಗಿ ಒಬ್ಬರನ್ನು ಒಪ್ಪಿಸಬೇಕಾದ ಈ ಸ್ಥಿತಿ ಕಷ್ಟದ್ದು, ಮತ್ತು ಕಾಲವನ್ನು ತಿನ್ನುವಂಥದ್ದು. 2011ರ ‘ಕೂರ್ಮಾವತಾರ’ಕ್ಕೂ, ಜಯಂತರ ‘ಹಾಲಿನ ಮೀಸೆ’ ಆಧರಿಸಿದ 2020ರ ‘ಇಲ್ಲಿರಲಾರೆ ಅಲ್ಲಿಗೆ ಹೋಗಲಾರೆ’ಗೂ ನಡುವೆ ಎಷ್ಟು ವರ್ಷಗಳು ಕಳೆದವು ಎಂಬುದನ್ನು ಎಣಿಸಿದರೆ ನನಗೆ ಸಂಕಟವಾಗುತ್ತದೆ. ಅಷ್ಟು ಮಾಗಿದ ಕೈಗೆ ನಾವು ಇನ್ನೆರಡು ಚಿತ್ರಗಳ ಅವಕಾಶ ಕೊಡಲಾಗಲಿಲ್ಲ.

ಇನ್ನು ಪ್ರೇಕ್ಷಕರ ಮಾತು. ಕಾಸರವಳ್ಳಿಯವರ ಸೋದರಮಾವ ಕೆ.ವಿ. ಸುಬ್ಬಣ್ಣನವರು ಹೆಗ್ಗೋಡಿನಂಥ ಹಳ್ಳಿಯಲ್ಲಿ ನೀನಾಸಂ ಚಿತ್ರಸಮಾಜ ಕಟ್ಟಿ, ಅಡಿಕೆ ಸುಲಿಯುವ ಜನರಿಗೆ ಜಗತ್ತಿನ ಶ್ರೇಷ್ಠ ಚಿತ್ರಗಳನ್ನು ತೋರಿಸಿದರು. ನಮ್ಮ ಸೀಮೆಯಲ್ಲಿ ಅದಕ್ಕೆ ಸಮನಾದುದು ರಂಗಭೂಮಿಯಲ್ಲಿದೆ: ಸಾಣೇಹಳ್ಳಿಯ ಶಿವಸಂಚಾರ 1997ರಿಂದ ವರ್ಷವರ್ಷವೂ ನಾಟಕಗಳನ್ನು ಹೊತ್ತು ಊರೂರು ತಿರುಗುತ್ತಿದೆ. ಹೊಸದುರ್ಗದ ಬದಿಯ ಹಳ್ಳಿಯಿಂದ ಹೊರಟ ತಂಡದ ನಾಟಕಕ್ಕೆ ಯಾವ ಊರಿನಲ್ಲೂ ಜನ ಕಡಿಮೆಯಾದದ್ದನ್ನು ನಾನು ಕಂಡಿಲ್ಲ. ಚಳ್ಳಕೆರೆಯ ತಮ್ಮ, ನೀವು ಚಿತ್ರಕ್ಕೆ ಹಣ ಹುಡುಕುವ ಮೊದಲೇ ಆ ತಂಡದ ತಿರುಗಾಟ ಹೇಗೆ ನಡೆಯುತ್ತದೆಂದು ಹೋಗಿ ನೋಡಿ ಬನ್ನಿ. ಪವನ್ ಕುಮಾರ್ ಅವರ ‘ಲೂಸಿಯಾ’ 2013ರಲ್ಲಿ ಪ್ರೇಕ್ಷಕರ ಹಣದಿಂದಲೇ ಆಯಿತು. ಆದರೆ ಅದಕ್ಕೆ ಅಂತರಜಾಲದಲ್ಲಿ ಕಾಯುತ್ತಿದ್ದ ಜನರಿದ್ದರು. ಕಂಬಳಿಯ ಕಥೆಗೆ ಕಾಯುವ ಜನ ಕುರಿಹಟ್ಟಿಗಳಲ್ಲಿದ್ದಾರೆ, ಅವರ ಬಳಿಗೆ ನಾವೇ ಹೋಗಬೇಕು.

ವೇದಾವತಿ (ಹಿರಿಯೂರು)

ಅಣೆಕಟ್ಟಿನ ಮಾತು ಬಂದದ್ದರಿಂದ ಒಂದು ಸಣ್ಣ ಸೇರ್ಪಡೆ. ನಮ್ಮ ಮಾರಿಕಣಿವೆ, ಅಂದರೆ ವಾಣಿವಿಲಾಸ ಸಾಗರ, 1933ರ ನಂತರ ಮತ್ತೆ ಕೋಡಿ ಬಿದ್ದದ್ದು 2022ರಲ್ಲಿ. ಎಂಬತ್ತೊಂಬತ್ತು ವರ್ಷ. ಆ ದಿನ ನಮ್ಮಜ್ಜಿಯನ್ನು ಗಾಡಿಯಲ್ಲಿ ಕೂರಿಸಿಕೊಂಡು ಹೋಗಿ ತೋರಿಸಿದೆವು. ಅವರು ಕೈ ಮುಗಿದು ಅತ್ತರು. ನೀರು ಏರುವುದನ್ನು ನೋಡಿ ಸಂತೋಷದಿಂದ ಅಳುವ ಊರಿನವಳಾದ ನನಗೆ, ನೀರು ಏರುವುದನ್ನು ನೋಡಿ ಬೆವರುವ ನಾಗಿಯನ್ನು ಅರ್ಥಮಾಡಿಕೊಳ್ಳಲು ಚಿತ್ರದ ಅರ್ಧ ಭಾಗ ಬೇಕಾಯಿತು. ಮೊದಲರ್ಧದಲ್ಲಿ ನನಗೆ ಆ ಮಳೆ ಚೆಂದವಾಗಿಯೇ ಕಾಣುತ್ತಿತ್ತು. ಆಮೇಲೆ, ಯಾವ ದೃಶ್ಯದಲ್ಲೆಂದು ಹೇಳಲಾರೆ, ಅದು ಚೆಂದವಾಗಿ ಕಾಣುವುದು ನಿಂತುಹೋಯಿತು. ಛಾಯಾಗ್ರಹಣ ಮಾಡಿದ ಎಚ್.ಎಂ. ರಾಮಚಂದ್ರ ಅವರಿಗೆ ಈ ಚಿತ್ರಕ್ಕೆ ರಾಷ್ಟ್ರಪ್ರಶಸ್ತಿ ಬಂದದ್ದು ಮಳೆಯನ್ನು ಸುಂದರವಾಗಿ ತೋರಿಸಿದ್ದಕ್ಕೆ ಎಂದುಕೊಂಡಿದ್ದೆ. ಈಗ ಹಾಗೆ ಅನ್ನಿಸುವುದಿಲ್ಲ.

ಕೋಟೆ ಕೆಳಗಿನ ಓಣಿ (ಚಿತ್ರದುರ್ಗ)

ವೇದಾವತಿಯವರ ಮಾತು ನನ್ನನ್ನು ‘ಘಟಶ್ರಾದ್ಧ’ದ ಕಡೆಗೆ ಕರೆದೊಯ್ಯಿತು. ಅಲ್ಲಿಯೂ ನಾವು ಕಾಣುವುದು ನಾಣಿಗೆ ಎಷ್ಟು ಕಂಡಿತೋ ಅಷ್ಟನ್ನೇ. ವೇದ ಕಲಿಯಲು ಉಡುಪರ ಮನೆಗೆ ಬಂದ ಹುಡುಗನಿಗೆ ಅವರ ವಿಧವೆ ಮಗಳು ಯಮುನಕ್ಕನ ಬಸಿರು, ಅವಳ ಭಯ, ಹುತ್ತಕ್ಕೆ ಕೈಯಿಟ್ಟ ಗಳಿಗೆ, ಯಾವುದೂ ಪೂರ್ತಿ ಅರ್ಥವಾಗುವುದಿಲ್ಲ. ಅನಂತಮೂರ್ತಿಯವರ ಕಥೆಯಲ್ಲಿ ಹುಡುಗನೇ ‘ನಾನು’ ಎಂದು ಹೇಳುತ್ತಾನೆ. ಕ್ಯಾಮೆರಾಕ್ಕೆ ‘ನಾನು’ ಎನ್ನಲು ಬರುವುದಿಲ್ಲವಲ್ಲ. ನಿರ್ದೇಶಕರು ಅದನ್ನು ಹುಡುಗನ ಎತ್ತರದಲ್ಲಿ, ಅವನು ನಿಲ್ಲುವ ಬಾಗಿಲ ಸಂದಿಯಲ್ಲಿ, ಅವನಿಗೆ ಕೇಳಿಸಿ ತಿಳಿಯದೇ ಹೋದ ಪಿಸುಮಾತುಗಳಲ್ಲಿ ಸಾಧಿಸುತ್ತಾರೆ. ಬದುಕಿರುವ ಮಗಳ ಶ್ರಾದ್ಧ ಮಾಡಿದ ತಂದೆ ಹದಿಹರೆಯದ ಹುಡುಗಿಯೊಬ್ಬಳನ್ನು ಮದುವೆಯಾಗಲು ಹೊರಡುತ್ತಾರೆಂಬುದೂ ನಮಗೆ ತಿಳಿಯುವುದು ಹೀಗೆ ದಾರಿಯ ಮಾತಿನಲ್ಲಿ. ಬಹಿಷ್ಕೃತಳಾಗಿ, ತಲೆ ಬೋಳಿಸಿ, ಮರದ ಕೆಳಗೆ ಕೂತ ಯಮುನಕ್ಕನನ್ನು ಬಿಟ್ಟು ನಾಣಿ ಊರು ದಾಟುತ್ತಾನೆ. ಅವಳಿಗೆ ಜೊತೆಯಾಗಿದ್ದ ಒಂದೇ ಜೀವಕ್ಕೂ ಅವಳನ್ನು ಉಳಿಸುವ ಶಕ್ತಿಯಿರಲಿಲ್ಲ.

ಈ ಚಿತ್ರದ ಪುನರುಜ್ಜೀವಿತ ಪ್ರತಿ 2024ರಲ್ಲಿ ವೆನಿಸ್ ಚಿತ್ರೋತ್ಸವದಲ್ಲಿ ಪ್ರದರ್ಶನಗೊಂಡಿತು. ಫಿಲ್ಮ್ ಹೆರಿಟೇಜ್ ಫೌಂಡೇಶನ್ ಮತ್ತು ವರ್ಲ್ಡ್ ಸಿನಿಮಾ ಪ್ರಾಜೆಕ್ಟ್ ಸೇರಿ ಆ ಕೆಲಸ ಮಾಡಿವೆ. ಅಂಗೈ ಅಗಲದ ಮಸುಕು ಪ್ರತಿಯಲ್ಲಿ ನೋಡಿದ ಚಳ್ಳಕೆರೆಯ ಗೆಳೆಯರಿಗೆ ಆ ಕಪ್ಪುಬಿಳುಪನ್ನು, ಎಸ್. ರಾಮಚಂದ್ರ ಅವರ ಬೆಳಕನ್ನು, ಅದರ ಪೂರ್ಣ ರೂಪದಲ್ಲಿ ನೋಡುವ ಅವಕಾಶ ದುರ್ಗದಲ್ಲೇ ಸಿಗುವಂತಾಗಬೇಕೆಂಬುದು ನನ್ನ ಆಸೆ.

ನಾಲೆಯಂಚು (ದಾವಣಗೆರೆ)

ನಿನ್ನೆ ಆ ರೈತರ ಊರಿಗೆ ಹೋಗಿದ್ದೆ. ನೀವೆಲ್ಲ ಬರೆದದ್ದನ್ನು, ವಿಶೇಷವಾಗಿ ಟಪ್ಪಾಲಿನ ಹಿರಿಯರದ್ದನ್ನೂ ಮೇಡಂ ಅವರದ್ದನ್ನೂ, ಅವರಿಗೆ ಓದಿ ಹೇಳಿದೆ. ಗದ್ದೆಯ ಬದುವಿನ ಮೇಲೆ ಕೂತು ಪೂರ್ತಿ ಕೇಳಿದರು. ಗಣಪನ ಸಾಲಿನಲ್ಲಿ ನಿಲ್ಲಿಸಿದ್ದಕ್ಕೆ ಅವರಿಗೆ ಬೇಸರವಾಗಲಿಲ್ಲ, ಆದರೆ ಒಪ್ಪಲೂ ಇಲ್ಲ. “ನಮ್ಮದು ಕೊನೆಯ ಭಾಗ. ನಾಲೆಯಲ್ಲಿ ನೀರು ಬಿಟ್ಟರೂ ಮೇಲಿನವರು ಎಳೆದುಕೊಂಡು, ನಮಗೆ ಬರುವಾಗ ನಡುರಾತ್ರಿ, ಅದೂ ಕಾಲು ನೆನೆಯುವಷ್ಟು. ಕೊಟ್ಟರು ಅಂತ ಹೇಳಿ ಕೊಡದೇ ಇದ್ದದ್ದನ್ನು ನಾನೂ ಉಂಡಿದ್ದೇನೆ. ನಾನು ಅವರ ಕಡೆಯೂ ಹೌದು, ಇವರ ಕಡೆಯೂ ಹೌದು” ಎಂದರು.

ಆಗ ಅವರ ಮನೆಯವರು ಬುತ್ತಿ ತಂದರು. ನಾನು ಚಿತ್ರದ ಕಥೆಯನ್ನು ಅವರಿಗೂ ಹೇಳಿದೆ. ನಾಗಿ ರಾತ್ರಿಯೆಲ್ಲ ಎಚ್ಚರವಿದ್ದು ಮನೆ ಕಾಯ್ದದ್ದನ್ನೂ, ಗಣಪ ಅದನ್ನು ದೇವರ ಲೆಕ್ಕಕ್ಕೆ ಹಾಕಿದ್ದನ್ನೂ ಹೇಳಿದಾಗ ಅವರು ಗಂಡನ ಕಡೆ ನೋಡದೆ, ತಟ್ಟೆಗೆ ಅನ್ನ ಬಡಿಸುತ್ತಲೇ, “ನಡುರಾತ್ರಿ ಮಡೆ ತಿರುಗಿಸಲು ಲಾಟೀನು ಹಿಡಿದು ಬರುವವಳು ನಾನು. ಆ ಸಿನಿಮಾ ಇನ್ನೊಮ್ಮೆ ಯಾವಾಗ ಹಾಕುತ್ತೀರಿ?” ಎಂದು ಕೇಳಿದರು. ರೈತರು ಏನೂ ಹೇಳಲಿಲ್ಲ.

ಮುಂದಿನ ತಿಂಗಳ ಎರಡನೆಯ ಭಾನುವಾರ ಅವರ ಊರಿನ ಶಾಲೆಯ ಆವರಣದಲ್ಲೇ ‘ದ್ವೀಪ’ವನ್ನು ಮತ್ತೆ ತೋರಿಸಬೇಕೆಂದಿದ್ದೇವೆ. ಪರದೆ ಸಿಗುತ್ತದೆ. ಕಾಲೇಜಿನ ಪ್ರೊಜೆಕ್ಟರನ್ನು ಕೊಡುವುದಾಗಿ ಹೇಳಿದ್ದಾರೆ. ಧ್ವನಿಯ ವ್ಯವಸ್ಥೆ ಮಾತ್ರ ಇನ್ನೂ ಆಗಿಲ್ಲ.

ಪ್ರೊಜೆಕ್ಟರ್ ಕೋಣೆ (ದಾವಣಗೆರೆ)

ಧ್ವನಿಯನ್ನು ನನಗೆ ಬಿಡಿ. ಕಳೆದ ಸಲ ಸಭಾಂಗಣದಲ್ಲಿ ನೀವು ಬಳಸಿದ್ದು ಭಾಷಣದ ಸ್ಪೀಕರುಗಳು. ಮಾತು ಕೇಳಿಸಿತು, ಮಳೆ ಕೇಳಿಸಲಿಲ್ಲ. ಆ ಚಿತ್ರದಲ್ಲಿ ಮಳೆ ಒಂದೇ ಸಮನೆ ಸುರಿಯುವುದಿಲ್ಲ. ಹೆಂಚಿನ ಮೇಲೆ ಬಿದ್ದದ್ದು ಬೇರೆ, ನೀರಿನ ಮೇಲೆ ಬಿದ್ದದ್ದು ಬೇರೆ, ನಿಂತ ಮೇಲೆ ಉಳಿಯುವ ಮೌನ ಬೇರೆ. ನನ್ನ ಮನೆಯಲ್ಲಿ ಟಾಕೀಸಿನ ಹಳೆಯ ಸ್ಪೀಕರ್ ಪೆಟ್ಟಿಗೆಗಳು ಎರಡಿವೆ, ಎರಡೂ ಕೆಲಸ ಮಾಡುತ್ತವೆ. ಅವುಗಳನ್ನು ಹೊತ್ತು ತರಲು ಒಂದು ಗೂಡ್ಸ್ ಆಟೋ ಮತ್ತು ಎತ್ತಿಳಿಸಲು ಇಬ್ಬರು ಹುಡುಗರು ಬೇಕು. ಸಂಜೆ ನಾಲ್ಕಕ್ಕೇ ಬಂದು ಜೋಡಿಸಿಕೊಳ್ಳುತ್ತೇನೆ.